‘ಹೂಂ’ ಇಲ್ಲದೆ ಮುಂದೆ ಓದದ ಅಕ್ಕ

ಅಕ್ಕನ ಹೆಸರು ಇಲ್ಲಿ ಬರೆಯುವುದಿಲ್ಲ. ತೀರಿಕೊಂಡು ತಿಂಗಳಾಗುತ್ತ ಬಂತು. ಆದರೂ ಹೆಸರು ಹಾಕಿದರೆ ಹಾನಗಲ್ಲಿನಿಂದ ಬಸ್ಸು ಹತ್ತಿ ಬಂದು, ನಮ್ಮ ಬಾಗಿಲಲ್ಲೇ ನಿಂತು, ಇಡೀ ಓಣಿಗೆ ಕೇಳುವಂತೆ ಬೈದಾರು ಎನ್ನುವ ಅಂಜಿಕೆ ನನಗಿನ್ನೂ ಹೋಗಿಲ್ಲ. ಹಿಟ್ಟಿನ ಗಿರಣಿ ನಡೆಸಿದವರು. ಮಿಷನ್ನಿನ ಸದ್ದಿನ ಮೇಲೆ ಮಾತಾಡಿ ಮಾತಾಡಿ, ಅವರ ದನಿಗೆ ಕೆಳಗಿಳಿಯುವ ಮೆಟ್ಟಿಲೇ ಇಲ್ಲದಂತಾಗಿತ್ತು. ಗುಟ್ಟು ಹೇಳುವಾಗಲೂ ಬಾಯಿಗೆ ಕೈ ಅಡ್ಡ ಹಿಡಿದು ಒದರುತ್ತಿದ್ದರು.

ಹುಬ್ಬಿನಲ್ಲಿ ಯಾವಾಗಲೂ ಒಂಚೂರು ಜೋಳದ ಹಿಟ್ಟು. ಎಷ್ಟು ಮುಖ ತೊಳೆದರೂ ಅದು ಹೋಗುತ್ತಿರಲಿಲ್ಲವೋ, ತೊಳೆಯುವಾಗ ಹುಬ್ಬನ್ನು ಬಿಟ್ಟು ತೊಳೆಯುತ್ತಿದ್ದರೋ ಗೊತ್ತಿಲ್ಲ. ನಾನು ಮೊದಲ ಸಲ ನೋಡಿದಾಗ, ವಯಸ್ಸಾಗಿ ಹುಬ್ಬು ಬೆಳ್ಳಗಾಗಿದೆ ಅಂದುಕೊಂಡಿದ್ದೆ. ಸೆರಗಿನಿಂದ ಒರೆಸಿಕೊಂಡಾಗ ಕಪ್ಪು ಹುಬ್ಬು ಹೊರಬಂತು.

ಅವರು ನಮ್ಮ ಸವಣೂರಿಗೆ ಬರುತ್ತಿದ್ದದ್ದು ‘ಸೆಲೆ’ ಓದುವುದಕ್ಕೆ. ಹಾನಗಲ್ಲು, ಶಿಗ್ಗಾಂವಿ, ಸವಣೂರು, ಹಿರೇಕೆರೂರು ಸುತ್ತಿನ ಕೆಲವೇ ಮನೆತನಗಳಲ್ಲಿ ಈ ರೂಢಿ ಇದೆ, ಹೊರಗಿನವರಿಗೆ ತಿಳಿದಿರಲಿಕ್ಕಿಲ್ಲ. ಪುಸ್ತಕದ ಹೆಸರು ‘ಒಂದೇ ಸೆಲೆ’. ಯಾರು ಬರೆದರೆಂದು ಯಾರಿಗೂ ಗೊತ್ತಿಲ್ಲ. ಬಾವಿ ತೋಡುವವರ ಮನೆಯ ಹೆಣ್ಣುಮಗಳೊಬ್ಬಳ ಬಾಯಿಂದ ಬಂದದ್ದು ಎನ್ನುತ್ತಾರೆ. ಅಚ್ಚು ಹಾಕಿಸಬಾರದು, ಕೈಯಿಂದಲೇ ಬರೆದುಕೊಳ್ಳಬೇಕು, ಹೆಂಗಸರೇ ಓದಬೇಕು. ಅದರಲ್ಲಿರುವುದೆಲ್ಲ ಒಂದೇ ಮಾತು, ಬೇರೆ ಬೇರೆ ಬಾಗಿಲಿನಿಂದ ಬಂದು ಹೇಳುತ್ತದೆ ಅಷ್ಟೆ: ಎಲ್ಲರೊಳಗೆ ಇರುವ ಅರಿವು ಒಂದು. ‘ಬಾವಿ ಹಲವು, ಸೆಲೆ ಒಂದು. ನಿನ್ನ ಹಗ್ಗ ಉದ್ದವೆಂದು ಬೀಗಬೇಡ. ನೆರೆಮನೆಯ ಕೊಡದಲ್ಲಿ ತುಳುಕಿದ್ದೂ ನಿನ್ನ ನೀರೇ’ ಎಂದು ಅದು ಶುರುವಾಗುತ್ತದೆ.

ಮನೆಯಲ್ಲಿ ಯಾರಾದರೂ ಬಹಳ ದಿನ ಹಾಸಿಗೆ ಹಿಡಿದರೆ ಓದಿಸುತ್ತಾರೆ. ಓದುವುದಕ್ಕೊಂದು ಕಟ್ಟಳೆ. ಒಂದೊಂದು ಸಾಲು ಮುಗಿದಾಗಲೂ, ಯಾರ ಸಲುವಾಗಿ ಓದಿಸುತ್ತಾರೋ ಅವರು ‘ಹೂಂ’ ಎನ್ನಬೇಕು. ಆ ಹೂಂ ಬಂದರೆ ಮಾತ್ರ ಮುಂದಿನ ಸಾಲು. ಬರಲಿಲ್ಲವೆಂದರೆ ಪುಸ್ತಕವನ್ನು ಅರಿವೆಯಲ್ಲಿ ಸುತ್ತಿ ಆ ಮನೆಯ ದೇವರ ಜಗಲಿಯ ಮೇಲೆಯೇ ಇಡಬೇಕು. ಓದು ಮುಗಿಯುವ ತನಕ ಅದು ಆ ಮನೆ ಬಿಟ್ಟು ಕದಲುವಂತಿಲ್ಲ, ಓದುವವರು ಇನ್ನೊಂದು ಮನೆಯಲ್ಲಿ ಶುರು ಮಾಡುವಂತಿಲ್ಲ. ಅರ್ಧ ಓದಿದ ಸೆಲೆ ಕಟ್ಟೆ ಇಲ್ಲದ ಬಾವಿ ಇದ್ದಂತೆ ಎಂದು ಹಿರಿಯರು ಹೆದರಿಸುತ್ತಾರೆ. ಮಲಗಿದ ಜೀವ ಆ ಕಡೆಯೂ ಹೋಗಲಾರದು, ಈ ಕಡೆಯೂ ಇರಲಾರದು.

ಇನ್ನೊಂದು ಕಟ್ಟಳೆಯೂ ಇದೆ. ಓದುವವರು ತಾವೇ ಹೂಂ ಅನ್ನಬಾರದು. ಅಂದರೆ ಆ ಓದು ಅವರದೇ ಆಯಿತು, ಅವರ ಪಾಲಿನ ನೀರು ಅವರು ಸೇದಿಕೊಂಡಂತೆ. ಆಮೇಲೆ ಜೀವಮಾನದಲ್ಲಿ ಮತ್ತೊಬ್ಬರಿಗೆ ಓದುವ ಹಾಗಿಲ್ಲ.

ಅಕ್ಕ ಓದುವುದನ್ನು ಸೋದರತ್ತೆಯಿಂದ ಕಲಿತಿದ್ದರು. ದೇವರ ಪುಸ್ತಕ ಹಿಡಿದವರ ಮುಖ ಅವರದಾಗಿರಲಿಲ್ಲ, ಜರಡಿ ಹಿಡಿದವರ ಮುಖವಾಗಿತ್ತು. ಹಿಟ್ಟು ಸಣ್ಣಗಾಯಿತೋ ಇಲ್ಲವೋ ಎಂದು ಎರಡು ಬೆರಳಿನ ನಡುವೆ ತಿಕ್ಕಿ ನೋಡುವ ಹಾಗೆ, ಹಾಳೆಯ ಮೂಲೆಯನ್ನೂ ತಿಕ್ಕಿಯೇ ತಿರುವುತ್ತಿದ್ದರು. ಯಾರಾದರೂ ನಮಸ್ಕಾರಕ್ಕೆ ಬಗ್ಗಿದರೆ ಕಾಲು ಹಿಂದಕ್ಕೆ ಎಳೆದುಕೊಳ್ಳುವರು.

“ಕಾಲಿಗೆ ಬೀಳಬ್ಯಾಡ್ರಿ. ಎಬ್ಬಸಾಕ ನಾ ಬಗ್ಗಬೇಕಾಗತೈತಿ. ನನ್ನವ ಮಳಕಾಲು ಹೋಗ್ಯಾವು.”

ಹೆಂಗಸರಿಗೆ ಬಸ್ಸು ಫ್ರೀ ಆದದ್ದು ಅವರಿಗೆ ಬಹಳ ಸಂತೋಷ. ಸರಕಾರ ಸೆಲೆ ಓದುವುದಕ್ಕೆಂದೇ ಗಾಡಿ ಕೊಟ್ಟಿದೆ ಎನ್ನುತ್ತಿದ್ದರು. ಆದರೆ ಫ್ರೀ ಆದ ಮೇಲೆ ಸೀಟು ಸಿಗುವುದು ಕಷ್ಟವಾಯಿತು. ಒಮ್ಮೆ ಶಿಗ್ಗಾಂವಿ ಸ್ಟ್ಯಾಂಡಿನಲ್ಲಿ ಕಾಲೇಜಿನ ಹುಡುಗಿಯೊಬ್ಬಳನ್ನು ಎಬ್ಬಿಸಿ ಕೂತರಂತೆ. ಅವರನ್ನು ಬಲ್ಲ ಕಂಡಕ್ಟರು ಚೇಷ್ಟೆಗೆ, “ಅಕ್ಕಾರ, ಎಲ್ಲಾರೂ ಒಂದ ಅಂತ ಓದ್ತೀರಿ. ಆಕಿ ಕುಂತ್ರೇನು, ನೀವು ಕುಂತ್ರೇನು?” ಅಂದನಂತೆ.

“ಅರಿವು ಒಂದ ಐತ್ಯೋ ತಮ್ಮಾ. ಮಳಕಾಲು ಬ್ಯಾರೆ ಬ್ಯಾರೆ ಅದಾವು.”

ಈ ಮಾತನ್ನು ನಮ್ಮ ಮನೆಗೆ ಬಂದು ತಾವೇ ಹೇಳಿ, ತಾವೇ ನಕ್ಕು, ಸಕ್ಕರೆ ಇಲ್ಲದ ಚಹಾ ಕುಡಿದರು.

ನಮ್ಮ ಅತ್ತೆಯವರು ಬಚ್ಚಲಲ್ಲಿ ಜಾರಿ ಹಾಸಿಗೆ ಹಿಡಿದಾಗ, ಸೆಲೆ ಓದಿಸು ಎಂದು ಬಾಯಿಬಿಟ್ಟು ಕೇಳಿದರು. ಆಗ ಅವರ ಬಾಯಿ ಗಟ್ಟಿ ಇತ್ತು. ಬರೀ ಹೂಂ ಅನ್ನುವ ಪೈಕಿ ಅಲ್ಲ ಅವರು. ಒಂದೊಂದು ಸಾಲಿಗೂ ತಕರಾರು.

“ಹೂಂ. ಆದರ ಅಕ್ಕಾರ, ನನ್ನ ಅರಿವೂ ನಮ್ಮ ನೆಗೆಣ್ಣಿ ಅರಿವೂ ಒಂದ ಅಂದ್ರ ನಾ ಒಪ್ಪಂಗಿಲ್ಲ.”

“ಒಪ್ರಿ ಅಂತ ಯಾರಂದ್ರು? ಹೂಂ ಅನ್ರಿ, ಸಾಕು.”

“ಆಕಿ ನನ್ನ ತವರಮನಿ ಬಂಗಾರದ ಬಳಿ ನುಂಗಿದಾಕಿ.”

“ಹಂಗಾರ ನೀವ ನುಂಗೀರಿ ಅಂತ ತಿಳಕೊಳ್ರಿ. ಮುಂದ ಓದ್ಲೋ ಬ್ಯಾಡೋ?”

ನಾನು ಅಡುಗೆಮನೆಯಲ್ಲಿ ನಗುತ್ತ ಪಲ್ಯ ಹೆಚ್ಚುತ್ತಿದ್ದೆ. ಆ ದಿನಗಳು ಹೋದವು. ಅರ್ಧ ಪುಸ್ತಕ ದಾಟಿತ್ತು, ಅತ್ತೆಯವರಿಗೆ ಲಕ್ವಾ ಹೊಡೆಯಿತು. ಒಂದು ಮಗ್ಗಲು ಬಿದ್ದಿತು, ಮಾತು ಪೂರ್ತಿ ನಿಂತಿತು. ಕಣ್ಣು ಮಾತ್ರ ಮೊದಲಿನ ಹಾಗೇ ಚುರುಕಾಗಿ ಉಳಿಯಿತು. ಅದೊಂದು ಪುಣ್ಯ ಅಂದುಕೊಂಡೆ. ಆಮೇಲಾಮೇಲೆ, ಆ ಕಣ್ಣು ನನ್ನ ಹಿಂದೆ ಮುಂದೆ ತಿರುಗುವುದನ್ನು ನೋಡಿ ನೋಡಿ, ಪುಣ್ಯವೋ ಅಲ್ಲವೋ ಎಂದು ಅನುಮಾನವೂ ಬಂತು.

ಮುಂದಿನ ಸಲ ಅಕ್ಕ ಬಂದು ಕೂತರು. ಬಿಟ್ಟ ಸಾಲಿನಿಂದ ಓದಿದರು: ‘ನೋಯುವ ಮೈ ಬೇರೆ ಬೇರೆ, ನೋವನ್ನು ಅರಿಯುವುದು ಒಂದು.’ ಕಾದರು. ಅತ್ತೆಯ ತುಟಿ ಅದುರಿತು, ದನಿ ಬರಲಿಲ್ಲ. ಅಕ್ಕ ಮತ್ತೊಮ್ಮೆ ಓದಿದರು, ಮತ್ತೆ ಕಾದರು. ಚಹಾ ಆರಿ ಕೆನೆ ಕಟ್ಟಿತು. ಕೊನೆಗೆ ಪುಸ್ತಕ ಮುಚ್ಚಿದರು.

“ನಾ ಅನ್ತೇನ್ರಿ ಅಕ್ಕಾರ ಹೂಂ, ಅವರ ಬದಲಿ,” ಅಂದೆ.

“ಹಂಗ ಆಗಂಗಿಲ್ಲವಾ. ನೀ ಉಂಡ್ರ ಅವರ ಹೊಟ್ಟಿ ತುಂಬತೈತೇನು?”

“ಪುಸ್ತಕದ ಪ್ರಕಾರ ತುಂಬಬೇಕಲ್ರಿ!”

ಅಕ್ಕ ನನ್ನನ್ನು ಕನ್ನಡಕದ ಮೇಲಿನಿಂದ ನೋಡಿದರು. ನಗು ಬಂತು, ತಡೆದುಕೊಂಡರು. ಪಕ್ಕದ ಮನೆಯ ಫಾತಿಮಾಬಿ ಹುಲಗೂರು ದರ್ಗಾದಿಂದ ತಂದ ಸಕ್ಕರೆ ಕೊಡಲು ಬಂದವರು ಹೊಸ್ತಿಲಲ್ಲೇ ನಿಂತು ಎಲ್ಲ ಕೇಳಿಸಿಕೊಂಡಿದ್ದರು. “ಬೇಕಂದ್ರ ನಾ ಅನ್ತೇನ್ರಿ ಹೂಂ. ನಮ್ಮ ಮನ್ಯಾಗ ಹೆಂಗೂ ದಿನಾ ಅದನ್ನ ಅನ್ನೂದು,” ಅಂದರು. ಅದಕ್ಕೂ ಅಕ್ಕ ಒಪ್ಪಲಿಲ್ಲ. ಪುಸ್ತಕವನ್ನು ಅರಿವೆಯಲ್ಲಿ ಸುತ್ತಿ ಜಗಲಿಯ ಮೇಲಿಟ್ಟು, ಅದರ ಮುಂದೆ ದಿನಾ ಒಂದು ಚೆಂಬು ಹೊಸ ನೀರು ಇಡಬೇಕೆಂದು ಹೇಳಿ ಹೋದರು.

ಅಲ್ಲಿಂದ ಮನೆಯಲ್ಲಿ ಮಲಗಿದವರು ಇಬ್ಬರಾದರು: ಅತ್ತೆ ಮತ್ತು ಪುಸ್ತಕ. ಇಬ್ಬರಿಗೂ ಮುಂಜಾನೆ ನೀರು, ಇಬ್ಬರಿಗೂ ಶುದ್ಧ ಅರಿವೆ. ನಮ್ಮ ಯಜಮಾನರು ಶಿಗ್ಗಾಂವಿಯ ದಲಾಲಿ ಅಂಗಡಿಯಲ್ಲಿ ಕಾಳಿನ ವ್ಯಾಪಾರ ನೋಡುವವರು. ಬೆಳಗಾಗುತ್ತಲೇ ಹೋದರೆ ದೀಪ ಹಚ್ಚಿದ ಮೇಲೆ ಬರುವುದು. ಅವ್ವನ ಹಣೆ ಮುಟ್ಟಿ, “ಹೆಂಗದೀ ಯವ್ವಾ?” ಎಂದು ಕೇಳಿ ಊಟಕ್ಕೆ ಕೂಡುವರು. ಅವರದೂ ತಪ್ಪಲ್ಲ. ದುಡಿದು ಬಂದಿರುತ್ತಾರೆ.

ಅತ್ತೆಯವರು ಅಂಬಲಿಗೆ ಬಾಯಿ ತೆರೆಯುವುದನ್ನು ನಿಲ್ಲಿಸಿದರು. ಚಮಚ ತುಟಿಗೆ ತಾಗಿಸಿದರೆ ಹಲ್ಲು ಕಚ್ಚುವರು, ಕಣ್ಣು ಜಗಲಿಯ ಕಡೆ ಹೋಗುವುದು. ಡಾಕ್ಟರು ಬಂದು ನೋಡಿದರು. “ನುಂಗಾಕ ಬರತೈತ್ರಿ. ಅವರ ಒಲ್ಲೆ ಅನ್ನಾಕತ್ತಾರ. ಹಿಂಗ ಆದ್ರ ಮೂಗಿನಾಗ ನಳಿಗಿ ಹಾಕಬೇಕಾಗತೈತಿ,” ಅಂದರು. ನನಗೆ ಅರ್ಥವಾಗಿತ್ತು. ಅತ್ತೆ ಓದು ಮುಗಿಯುವುದನ್ನೇ ಕಾಯುತ್ತಿದ್ದರು. ಮುಗಿಯದೆ ಉಣ್ಣುವವರಲ್ಲ, ಮುಗಿಯದೆ ಹೋಗುವವರೂ ಅಲ್ಲ. ಓದನ್ನು ಮುಂದೆ ಸಾಗಿಸುವ ಆ ಹೂಂ ಅವರ ಗಂಟಲಲ್ಲಿ ಸಿಕ್ಕಿಬಿದ್ದಿತ್ತು.

ಇದರ ನಡುವೆ ಹಿರೇಕೆರೂರಿನಿಂದ ಒಬ್ಬ ಹೆಣ್ಣುಮಗಳ ಫೋನು. ಆಕೆಯ ಅಪ್ಪ ಮಲಗಿದ್ದರು, ಅಕ್ಕ ನಮ್ಮಲ್ಲಿ ಮುಗಿಸಿ ಅಲ್ಲಿಗೆ ಹೋಗಬೇಕಿತ್ತು.

“ನಮ್ಮಪ್ಪನೂ ಕಾಯಾಕತ್ತಾನ್ರಿ. ನಿಮ್ಮತ್ತಿಗೆ ಒಂದ ಹೂಂ ಅನ್ನಾಕ ಏನ ಧಾಡಿ?”

“ಬಾಯಿ ಬಿದ್ದೈತವಾ ಅವರಿಗೆ.”

“ಹಂಗಾರ ಮೊದಲ ಯಾಕ ಓದಾಕ ಹಚ್ಚಿದ್ರಿ? ಬಾಯಿ ಗಟ್ಟಿ ಐತೋ ಇಲ್ಲೋ ನೋಡಿ ಹಚ್ಚಬೇಕಿಲ್ಲೋ?”

ಫೋನು ಇಟ್ಟೆ. ಆಕೆಯೂ ನನ್ನ ಹಾಗೇ ದಣಿದವಳು, ದನಿಯಲ್ಲೇ ತಿಳಿಯುತ್ತಿತ್ತು. ಸಿಟ್ಟು ಬರಲಿಲ್ಲ. ಸಿಟ್ಟಿಗೂ ಒಂದಿಷ್ಟು ಕಸುವು ಬೇಕು.

ಅಕ್ಕ ಸಂತೆಗೆ ಬಂದಂತೆ ತಪ್ಪದೆ ಬರುತ್ತಿದ್ದರು. ಅದೇ ಸಾಲು ಓದುವರು, ಕಾಯುವರು, ಮುಚ್ಚುವರು. ಹೀಗೆ ಬಂದ ಒಂದು ಮಧ್ಯಾಹ್ನ, ‘ನೋಯುವ ಮೈ ಬೇರೆ ಬೇರೆ, ನೋವನ್ನು ಅರಿಯುವುದು ಒಂದು’ ಎಂದು ಅವರು ಓದಿ ಮುಗಿಸುವಷ್ಟರಲ್ಲಿ ನಾನು ಅತ್ತೆಯ ಅರಿವೆ ಹಿಂಡುತ್ತಿದ್ದವಳು ಹಾಗೇ ನೆಲಕ್ಕೆ ಕುಸಿದು ಕೂತೆ.

“ಅಕ್ಕಾರ, ಪುಸ್ತಕ ಒಯ್ದುಬಿಡ್ರಿ. ನನಗ ಆಗವಲ್ದು.”

“ಯಾಕವಾ?”

“ನೋವು ಅರಿಯೂದು ಒಂದ ಅಂತ ಓದ್ತೀರಿ. ನನ್ನ ದಣಿವು ನನಗೊಬ್ಬಾಕಿಗೆ ಯಾಕ ಗೊತ್ತಾಗತೈತ್ರಿ ಹಂಗಾರ? ಇವರು ಉಂಡು ಮಲಗತಾರ. ಮಗಳು ಫೋನ್ ಮಾಡಿ ಅಜ್ಜಿ ಹೆಂಗದಾಳ ಅಂತ ಕೇಳತಾಳ. ನಾ ಹೆಂಗದೇನಿ ಅಂತ ಆ ಒಂದ ಅರಿವಿಗೆ ತಿಳಿಯಂಗಿಲ್ಲೇನ್ರಿ? ಎಲ್ಲಾರೊಳಗೂ ಅದ ಕುಂತೈತಿ ಅಂದ್ರ, ಯಾರರ ಒಬ್ಬರೊಳಗಿಂದ ಅದು ಒಮ್ಮಿ ಹೊಳ್ಳಿ ನನ್ನ ಕಡೆ ನೋಡಬಾರದೇನು?”

ದೇವರ ಪುಸ್ತಕದ ಮುಂದೆ ಹಾಗೆಲ್ಲ ಮಾತಾಡಬಾರದು. ಕೆನ್ನೆ ಬಡಿದುಕೊಂಡೆ. ಅಕ್ಕ ಕನ್ನಡಕ ತೆಗೆದು ಪುಸ್ತಕ ಮುಚ್ಚಿದರು. ಬೈಯುತ್ತಾರೆ, ಇಲ್ಲವೇ ದೊಡ್ಡ ಮಾತು ಏನಾದರೂ ಹೇಳುತ್ತಾರೆ ಅಂದುಕೊಂಡೆ.

“ಗೊತ್ತಿಲ್ಲವಾ,” ಅಂದರು. “ಇಷ್ಟ ಮನಿಯಾಗ ಓದೇನಿ, ಯಾರೂ ಇದನ್ನ ಕೇಳಿಲ್ಲ. ಪುಸ್ತಕದಾಗೂ ಇಲ್ಲ, ನನಗ ಪೂರಾ ಬಾಯಿಪಾಠ ಐತಿ.” ಆಮೇಲೆ ನನ್ನ ಕೈಯಿಂದ ಒದ್ದೆ ಅರಿವೆ ಕಸಿದುಕೊಂಡರು. “ಏಳು. ಒಳಗ ಹೋಗಿ ಮಕ್ಕೋ.”

“ಅಂಬಲಿ ಹೊತ್ತಾಗೈತ್ರಿ, ಅವರನ್ನ ಮಗ್ಗಲಾ ಹೊಳ್ಳಿಸಬೇಕು...”

“ನನಗ ಕೈಯಿಲ್ಲೇನು? ಮಕ್ಕೋ ಅಂದ್ನಿಲ್ಲೋ.”

ಒಳಗಿನ ಕೋಣೆಯ ಬರೀ ನೆಲದ ಮೇಲೆ ಒರಗಿದ್ದಷ್ಟೇ ನೆನಪು. ಎಷ್ಟೋ ದಿನದ ಮೇಲೆ, ಯಾರೋ ಕರೆದಾರು ಎಂದು ಒಂದು ಕಿವಿ ತೆರೆದಿಡದೆ ಮಲಗಿದ ನಿದ್ದೆ ಅದು. ಎಚ್ಚರವಾದಾಗ ಬಿಸಿಲು ಕಿಟಕಿ ಬಿಟ್ಟು ಗೋಡೆ ಏರಿತ್ತು. ಹೊರಗೆ ಪಿಸುಪಿಸು ದನಿ. ಫಾತಿಮಾಬಿ ಇರಬೇಕೆಂದು ಬಾಗಿಲಿಗೆ ಬಂದು ನೋಡಿದೆ.

ಅಕ್ಕನೇ. ಸಾಲು ಓದುವರು. ಕನ್ನಡಕ ತೆಗೆದು ತೊಡೆಯ ಮೇಲೆ ಇಡುವರು. ಅತ್ತೆಯ ಕಣ್ಣಲ್ಲಿ ಕಣ್ಣಿಟ್ಟು, ನಿಧಾನವಾಗಿ “ಹೂಂ” ಎನ್ನುವರು. ಮತ್ತೆ ಕನ್ನಡಕ ಏರಿಸಿ ಮುಂದಿನ ಸಾಲು. ಆ ದನಿ ಅಷ್ಟು ಕೆಳಗಿಳಿಯುತ್ತದೆಂದು ನನಗೆ ಅವತ್ತಿನ ತನಕ ಗೊತ್ತಿರಲಿಲ್ಲ. ನಾನು ಎದ್ದೇನು ಎಂದು ಹಾಗೆ ಓದುತ್ತಿದ್ದರು. ಅತ್ತೆ ನೆಟ್ಟ ಕಣ್ಣಿನಿಂದ ಅವರ ಬಾಯನ್ನೇ ನೋಡುತ್ತಿದ್ದರು. ಪುಸ್ತಕದಲ್ಲಿ ಉಳಿದದ್ದು ಕೆಲವೇ ಹಾಳೆ.

ನಾನು ನಡುವೆ ಹೋಗಲಿಲ್ಲ. ಚೌಕಟ್ಟು ಹಿಡಿದು ನಿಂತೇ ಇದ್ದೆ. ಇಷ್ಟು ವರ್ಷ ನೆಂಟರ ಮನೆಯಲ್ಲೂ ಕಟ್ಟಳೆ ಸಡಿಲಿಸದ ಹೆಂಗಸು, ನನ್ನ ಮನೆಯಲ್ಲಿ ಕೂತು ತಮ್ಮ ಓದನ್ನೆಲ್ಲ ಒಂದೊಂದೇ ಹೂಂ ಆಗಿ ಖರ್ಚು ಮಾಡುತ್ತಿದ್ದರು.

ಓದು ಮುಗಿದ ಮೇಲೆ ಪುಸ್ತಕದ ಮುಂದಿನ ಚೆಂಬಿನ ನೀರನ್ನು ನೆರೆಮನೆಯ ಕೊಡಕ್ಕೆ ಸುರಿಯಬೇಕು. ಚೆಂಬು ಹಿಡಿದು ಹೋದರೆ ಫಾತಿಮಾಬಿ, “ಹಾಕ್ರಿ ಹಾಕ್ರಿ, ಇವತ್ತ ನಳಾನೂ ಬಂದಿಲ್ಲ,” ಎಂದು ಕೊಡದ ಮುಚ್ಚಳ ತೆಗೆದರು. ನಾನು ತಿರುಗಿ ಬರುವಷ್ಟರಲ್ಲಿ ಅಕ್ಕ ಅಂಬಲಿ ಕಲಸಿ ಚಮಚ ಹಿಡಿದಿದ್ದರು. ಅತ್ತೆ ಬಾಯಿ ತೆರೆದರು. ಅಂಬಲಿಯ ವಾಟಗ ಖಾಲಿಯಾಗುವ ತನಕ ತೆರೆದರು. ನಾನು ಗೋಡೆಯ ಕಡೆ ಮುಖ ಮಾಡಿ ಅತ್ತುಬಿಟ್ಟೆ.

“ಅಕ್ಕಾರ, ಯಾರಿಗೂ ಹೇಳಬ್ಯಾಡ್ರಿ,” ಅಂದೆ ಆಮೇಲೆ. “ನಾನೂ ಹೇಳಂಗಿಲ್ಲ. ನಮ್ಮತ್ತಿ ಹೂಂ ಅಂದ್ರು ಅಂತ ಹೇಳ್ತೇನಿ.”

“ನೀ ಹೇಳಂಗಿಲ್ಲ ಖರೆ. ನಾ ಹೇಳ್ತೇನಿ.”

ನನ್ನ ಮುಂದೆಯೇ ಹಿರೇಕೆರೂರಿಗೆ ಫೋನು ಹಚ್ಚಿದರು. ದನಿ ಮತ್ತೆ ಗಿರಣಿಯದಾಗಿತ್ತು. “ಹಲೋ, ನಿಮ್ಮಪ್ಪಗ ಬ್ಯಾರೆದಾಕಿನ್ನ ಕರಸ್ರಿ. ನಂದು ಮುಗೀತು. ಹೂಂ ಅಂದೇನಿ ನಾನ... ಯಾಕ ಅಂದ್ರ? ಅನಬೇಕನಿಸ್ತು, ಅಂದೇನಿ.” ಆ ಕಡೆಯಿಂದ ಬೈಗುಳ ಕೇಳಿಸುತ್ತಿತ್ತು. ಅಕ್ಕ ಫೋನನ್ನು ಕಿವಿಯಿಂದ ದೂರ ಹಿಡಿದು, ಅದು ನಿಲ್ಲುವ ತನಕ ಕಾದು, “ಹೌದು ಹೌದು,” ಎಂದು ಇಟ್ಟರು. ಮರುದಿನವೇ ಪುಸ್ತಕವನ್ನು ತಾವೇ ಒಯ್ದು ಅಲ್ಲಿಯ ಇನ್ನೊಬ್ಬ ಓದುಗಾರ್ತಿಯ ಕೈಗೆ ಕೊಟ್ಟು ಬಂದರಂತೆ.

ಮಂದಿ ಆಡಿಕೊಂಡರು. ಸವಣೂರಿನ ಮನೆಯವರು ಏನೋ ತಿನ್ನಿಸಿ ಓದು ಮುಗಿಸಿಕೊಂಡರು ಎಂದರು. ಅಕ್ಕನಿಗೆ ತಲೆ ಕೆಟ್ಟಿದೆ ಎಂದರು. ಅಕ್ಕ ಒಬ್ಬರಿಗೂ ಸಮಜಾಯಿಷಿ ಕೊಡಲಿಲ್ಲ. ಆದರೆ ಓದುವುದು ತಪ್ಪಿದ್ದು ಅವರಿಗೆ ಹಗುರವಾಗಿರಲಿಲ್ಲ. ಒಮ್ಮೆ ಹಾನಗಲ್ಲಿಗೆ ಹೋದಾಗ ಗಿರಣಿಗೆ ಹೋಗಿ ನಿಂತೆ. ಮಿಷನ್ ಭರ್‍ರೆಂದು ಓಡುತ್ತಿತ್ತು. ಅಕ್ಕ ಬೆನ್ನು ತಿರುಗಿಸಿ ಕಾಳು ಸುರಿಯುತ್ತ, ಗಟ್ಟಿಯಾಗಿ ಸೆಲೆಯ ಸಾಲು ಹೇಳುತ್ತಿದ್ದರು. ನನ್ನನ್ನು ನೋಡಿ ನಾಚಿದರು.

“ಯಾರ ಸಲುವಾಗಿ ಓದಾಕತ್ತೀರಿ ಅಕ್ಕಾರ?”

“ಯಾರಿಗಿಲ್ಲವಾ. ಮಿಷನ್ ಹೂಂ ಅಂತೈತಿ, ನಿಲ್ಲಸಾಕ ಮನಸು ಬರವಲ್ದು.”

ಸೆಲೆ ಮುಗಿದರೆ ಜೀವ ಹಗುರವಾಗಿ ಹೋಗುತ್ತದೆ ಎಂದು ಎಲ್ಲರೂ ಹೇಳುತ್ತಾರೆ. ನಮ್ಮ ಅತ್ತೆ ಹೋಗಲಿಲ್ಲ. ಉಂಡರು, ಮಲಗಿದರು, ಗಟ್ಟಿಯಾದರು. ಎರಡು ಮಳೆಗಾಲ ಕಳೆದರು. ನಾನೂ ಅವರನ್ನು ಹೊಳ್ಳಿಸುತ್ತ, ಒರೆಸುತ್ತ, ಎರಡು ಮಳೆಗಾಲ ಕಳೆದೆ. ಅತ್ತೆಯ ಬೆನ್ನಿಗೆ ಹುಣ್ಣು ಆಗಲಿಲ್ಲ. ನನ್ನ ಸೊಂಟ ಹಿಡಿದರೂ ಪೂರಾ ಬೀಳಲಿಲ್ಲ. ನಳ ದಿನ ಬಿಟ್ಟು ದಿನವಾದರೂ ಬರುತ್ತಿತ್ತು. ದೇವರು ಕೊಟ್ಟದ್ದರಲ್ಲಿ ಇವನ್ನೂ ಹಿಡಿಯಬೇಕು.

ಮತ್ತೆ ಅಕ್ಕ. ಕರೆಂಟು ತೆಗೆದು ಗಿರಣಿ ಬಂದ್ ಆದ ದಿನ ಬೆಳಗಿನ ಬಸ್ಸಿಗೆ ಬಂದುಬಿಡುತ್ತಿದ್ದರು. ಕೈಯಲ್ಲಿ ಪುಸ್ತಕ ಇಲ್ಲ, ಜೋಳದ ಹಿಟ್ಟಿನ ಗಂಟು ಇದ್ದರೆ ಇತ್ತು. ಚಪ್ಪಲಿ ಬಿಡುತ್ತಲೇ, “ಮಕ್ಕೋ ಹೋಗು,” ಎನ್ನುವರು. ನಮ್ಮಿಬ್ಬರ ನಡುವೆ ಮಾತುಕತೆ ಅಂತ ನಡೆದದ್ದು ಬಹಳ ಕಡಿಮೆ, ನಾನು ಮಲಗಿರುತ್ತಿದ್ದೆನಲ್ಲ. ಏಳುವಷ್ಟರಲ್ಲಿ ಅವರ ಬಸ್ಸಿನ ಹೊತ್ತಾಗಿರುತ್ತಿತ್ತು. ಅತ್ತೆಯ ತಲೆ ಬಾಚಿ ಜಡೆ ಹಾಕಿರುತ್ತಿದ್ದರು. ಬಿದ್ದ ಬಾಯಲ್ಲೂ ಅತ್ತೆ ಒಂದು ಮಗ್ಗಲಿಗೆ ನಗುತ್ತಿದ್ದರು.

ಒಂದು ಸಲ ಕೇಳಿದೆ, “ನಾ ಅವತ್ತ ಕೇಳಿದ್ದಕ್ಕ ಉತ್ತರ ಸಿಕ್ತೇನ್ರಿ ಅಕ್ಕಾರ?”

“ಹುಡುಕಾಕತ್ತೇನಿ. ನೀ ಮಕ್ಕೋ.”

ಅತ್ತೆಯವರು ಹೋದದ್ದು ಅಕ್ಕ ಬಂದಿಲ್ಲದ ದಿನ, ಸಮಾಧಾನವಾಗಿ, ಅಂಬಲಿ ಕುಡಿದ ಮೇಲೆ. ಆಮೇಲೆ ಅಕ್ಕನ ಮೊಳಕಾಲು ಬಸ್ಸಿನ ಮೆಟ್ಟಿಲಿಗೆ ಒಪ್ಪಲಿಲ್ಲ. ನಾನು ಆಗೊಮ್ಮೆ ಈಗೊಮ್ಮೆ ಹೋಗಿ ಬರುತ್ತಿದ್ದೆ. ಇನ್ನೂ ಹೆಚ್ಚು ಹೋಗಬೇಕಿತ್ತು ಅನ್ನಿಸುತ್ತದೆ, ಎಲ್ಲರಿಗೂ ಆಮೇಲೆ ಅನ್ನಿಸುವ ಹಾಗೆ.

ತೀರಿದ ಸುದ್ದಿ ಬಂದ ದಿನ ಹಾನಗಲ್ಲಿಗೆ ಹೋದೆ. ಗಿರಣಿಯ ಬಾಗಿಲು ಹಾಕಿತ್ತು. ಮನೆಯ ಪಡಸಾಲೆ ತುಂಬ ಹೆಂಗಸರು, ಅವರ ಬಳಗದವರು, ನನ್ನ ಗುರುತು ಯಾರಿಗೂ ಇಲ್ಲ. ಕೂಡಲು ಜಾಗ ಕಾಣದೆ ಗೋಡೆಯ ಮಗ್ಗಲಿಗೆ ನಿಂತಿದ್ದೆ. ಚಾಪೆಯ ತುದಿಗೆ ಕೂತಿದ್ದ ಒಬ್ಬ ವಯಸ್ಸಾದ ಹೆಂಗಸು ತಲೆಯೆತ್ತಿ, ಅಲ್ಲಿ ಬಂದವರನ್ನೆಲ್ಲ ಕೇಳುತ್ತಿದ್ದ ಹಾಗೆ ನನ್ನನ್ನೂ ಮೊದಲು ಊರು ಕೇಳಿ, ಆಮೇಲೆ ಸಂಬಂಧ ಕೇಳಿದಳು.

“ಸವಣೂರಾಕಿ ಅಂತೀ. ಆಕಿ ನಿನಗ ಏನಾಗಬೇಕು ಯವ್ವಾ?”

ಅಕ್ಕ ಎನ್ನಲು ಬಾಯಿ ತೆರೆದೆ. ಒಡಹುಟ್ಟಿದವರು ಅಲ್ಲೇ ಕೂತಿದ್ದರು. ಸೆಲೆ ಓದಲು ಬರುತ್ತಿದ್ದರು ಎನ್ನೋಣವೆಂದರೆ, ಓದು ಬಿಟ್ಟ ಮೇಲೆಯೇ ಹೆಚ್ಚು ಬಂದವರು. ಬಳಗದ ಹೆಸರು ಯಾವುದೂ ಹೊಂದಲಿಲ್ಲ. ಇದ್ದದ್ದು ಇದ್ದಂತೆ ಹೇಳಿದೆ.

“ನಾ ಮಕ್ಕೊಂಡಾಗ ಎಚ್ಚರ ಇರತಿದ್ರು.”

ಆಕೆಗೆ ಏನು ತಿಳಿಯಿತೋ. ಪಕ್ಕಕ್ಕೆ ಸರಿದು, ಚಾಪೆಯ ಮೇಲೆ ಜಾಗ ಮಾಡಿಕೊಟ್ಟಳು.